ಹುಚ್ಚಯ್ಯನ ಎಡೆಗೆ ಬಾರದ ಕಾಗೆ

ಒಂದು ಕಾಗೆಯನ್ನು ಕರೆಯುವುದಕ್ಕೆ ಕೆಸರೆಯ ಹಿಟ್ಟಿನ ಗಿರಣಿ ನಂಜುಂಡಯ್ಯನಿಗೆ ತಗಲುತ್ತಿದ್ದ ಖರ್ಚು ಇಷ್ಟು. ಹಿಂದಿನ ದಿನ ಮೊಸರು ಬಿಡಬೇಕು. ಬೆಳಿಗ್ಗೆ ಎದ್ದು ಕಾಫಿ ಬಿಡಬೇಕು. ನಾಲ್ಕು ಕಾಳು ಮೆಣಸು ಅಗಿದು ನುಂಗಬೇಕು. ಕರೆದ ಮೇಲೆ ಗಂಟಲು ಒಂದಿಷ್ಟು ಸವೆಯುತ್ತದೆ, ಅದನ್ನು ಯಾರೂ ಲೆಕ್ಕಕ್ಕೆ ಹಿಡಿಯುವುದಿಲ್ಲ. ಇಷ್ಟರಲ್ಲಿ ದುಬಾರಿ ಅನ್ನಿಸುತ್ತಿದ್ದದ್ದು ಕಾಫಿ. ಮಿಕ್ಕಿದ್ದನ್ನೆಲ್ಲ ಅವನು ನಗುತ್ತಲೇ ಕೊಡುತ್ತಿದ್ದ. ಈ ಕೆಲಸಕ್ಕೆ ಯಾರ ಕೈಯಿಂದಲೂ ಒಂದು ಕಾಸು ಮುಟ್ಟಬಾರದು ಎಂದು ಅವನಪ್ಪ ಹುಚ್ಚಯ್ಯ ಹೇಳಿಹೋಗಿದ್ದ. ಎಲೆ ಅಡಿಕೆ ಕೊಟ್ಟರೆ ಬೇಡ ಅನ್ನಬಾರದು ಎಂದೂ ಹೇಳಿದ್ದ.

ಕರೆಯುವ ವಿದ್ಯೆ ಅವರ ಮನೆತನದ್ದು. ತಾತ ಸಿದ್ದಪ್ಪಾಜಿ ಅರಮನೆಯಲ್ಲಿ ಚಾಕರಿಗಿದ್ದನಂತೆ. ಪಿತೃಪಕ್ಷದಲ್ಲಿ ದೊಡ್ಡವರ ಎಡೆಗೆ ಕಾಗೆ ಕರೆಯುವುದು, ಅಷ್ಟೇ ಕೆಲಸ. ವರ್ಷಕ್ಕೊಂದು ದಿನ ದುಡಿಮೆ, ಒಂದು ಜೊತೆ ಪಂಚೆ, ಒಂದು ಪಲ್ಲ ಅಕ್ಕಿ. ಹುಚ್ಚಯ್ಯನ ಕಾಲಕ್ಕೆ ಅರಮನೆಯ ಚಾಕರಿ ಹೋಗಿತ್ತು, ವಿದ್ಯೆ ಮಾತ್ರ ಉಳಿದಿತ್ತು. ಅವನು ಎಡಗೈಯನ್ನು ಬಾಯಿಯ ಪಕ್ಕ ಬಟ್ಟಲಿನ ಹಾಗೆ ಹಿಡಿದು ಮೂರು ಸಲ ಕರೆದರೆ, ಎಲ್ಲೂ ಕಾಣದಿದ್ದ ಕಾಗೆ ಆಕಾಶದ ಯಾವುದೋ ಜೇಬಿನಿಂದ ಬಿದ್ದ ಹಾಗೆ ಬಂದು ಎಡೆಯ ಮುಂದೆ ಕೂರುತ್ತಿತ್ತು. ಹುಡುಗನಾಗಿದ್ದಾಗ ನಂಜುಂಡಯ್ಯನಿಗೆ ಇದು ನಾಚಿಕೆಯ ವಿಷಯವಾಗಿತ್ತು. ಶಾಲೆಯಲ್ಲಿ ಅವನ ಹೆಸರು ಯಾರಿಗೂ ಗೊತ್ತಿರಲಿಲ್ಲ, 'ಕಾಗೆ ಮಗ' ಅಂದರೆ ಮಾತ್ರ ಎಲ್ಲರಿಗೂ ಗೊತ್ತಾಗುತ್ತಿತ್ತು.

ಈಗ ಕೆಸರೆಯಲ್ಲಿ ಕಾಗೆಗಳೇ ಕಮ್ಮಿ. ಟವರಿನಿಂದ ಎಂದು ಕೆಲವರು ಅನ್ನುತ್ತಾರೆ, ಮರ ಕಡಿದದ್ದರಿಂದ ಎಂದು ಕೆಲವರು. ಕಾರಣ ಏನೇ ಇರಲಿ, ಸತ್ತವರಿಗೆ ಇಟ್ಟ ಎಡೆಯನ್ನು ಕಾಗೆ ಮುಟ್ಟುವವರೆಗೂ ಮನೆಯವರು ಊಟಕ್ಕೆ ಕೂರುವ ಹಾಗಿಲ್ಲ. ಕಾಗೆ ಮುಟ್ಟದಿದ್ದರೆ ಹಿರಿಯರಿಗೆ ಏನೋ ಆಸೆ ಉಳಿದಿದೆ ಎಂದು ಅರ್ಥ. ಆ ಆಸೆ ಏನೆಂದು ಊಹಿಸಿ, ನಡೆಸಿಕೊಡುತ್ತೇವೆಂದು ಎಡೆಯ ಮುಂದೆ ಮಾತು ಕೊಡಬೇಕು. ಆಮೇಲೆ ಕಾಗೆ ಬರುತ್ತದೆ. ಹಾಗಾಗಿ ಮಹಾಲಯ ಅಮಾವಾಸ್ಯೆಯ ದಿನ ನಂಜುಂಡಯ್ಯನಿಗೆ ಮದುವೆ ಸೀಸನ್ನಿನ ವಾಲಗದವರಷ್ಟೇ ಬೇಡಿಕೆ.

ಅವನಿಗೂ ಆ ದಿನ ತನ್ನದೇ ಒಂದು ಗುಟ್ಟಿನ ಲೆಕ್ಕವಿತ್ತು. ಹನ್ನೊಂದು ವರ್ಷದ ಹಿಂದೆ ಒಂದು ಸಂಜೆ, ಹುಚ್ಚಯ್ಯ ಮನೆ ಮುಂದಿನ ಕಲ್ಲು ಜಗಲಿಯ ಮೇಲೆ ಕೂತು, "ನಂಜುಂಡಾ, ಬಾ ಇಲ್ಲಿ" ಎಂದು ಕರೆದಿದ್ದ. ಗಿರಣಿ ಓಡುತ್ತಿತ್ತು. ಯಾರದ್ದೋ ಒಂದು ಡಬ್ಬಿ ರಾಗಿ ಅರ್ಧಕ್ಕೆ ಬಂದಿತ್ತು. "ಬಂದೆ ಅಪ್ಪ, ಇದೊಂದು ಡಬ್ಬಿ" ಅಂದ. ಅವನು ಹಿಟ್ಟಿನ ಕೈ ಒರೆಸಿಕೊಂಡು ಹೋಗುವಷ್ಟರಲ್ಲಿ ಅಪ್ಪ ಜಗಲಿ ಪಕ್ಕದ ನುಗ್ಗೆಮರಕ್ಕೆ ಒರಗಿಕೊಂಡೇ ಹೊರಟುಹೋಗಿದ್ದ. ಊರಿನ ಕಾಗೆಗಳನ್ನೆಲ್ಲ ಕರೆದು ಬರಿಸಿದ ಮನುಷ್ಯ, ಕಡೆಗೆ ಕರೆದದ್ದು ಮಗನನ್ನು. ಬಾರದೇ ಹೋದವನು ಅವನೊಬ್ಬನೇ.

ಅಂದಿನಿಂದ ಪ್ರತಿ ಮಹಾಲಯ ಅಮಾವಾಸ್ಯೆಗೂ ಅಪ್ಪನ ಎಡೆಗೆ ಕಾಗೆ ಬಂದು ಮುಟ್ಟಿದಾಗ, ಇನ್ನೊಂದು ವರ್ಷಕ್ಕೆ ಮಾಫಿ ಸಿಕ್ಕಿತು ಎಂದು ನಂಜುಂಡಯ್ಯ ಒಳಗೇ ಅಂದುಕೊಳ್ಳುತ್ತಿದ್ದ. ಈ ಮಾತನ್ನು ಅವನು ಹೆಂಡತಿ ಕಮಲಳಿಗೂ ಹೇಳಿರಲಿಲ್ಲ.

ಈ ವರ್ಷದ ಅಮಾವಾಸ್ಯೆ ಭಾನುವಾರ ಬಂತು. ಬೆಳಿಗ್ಗೆ ಏಳಕ್ಕೆ ಕಮಲ ಒಲೆಯ ಮುಂದಿನಿಂದಲೇ ಹೇಳಿದಳು.

"ರೀ, ಬಾಳೆ ಎಲೆ ಇಲ್ಲ. ತಂದ್ಕೊಟ್ಟು ಎಲ್ಲಿಗಾದ್ರೂ ಹೋಗಿ. ಹತ್ತು ಗಂಟೆಗೆ ಮನೇಲಿರ್ಬೇಕು."

"ಹತ್ತು ನಿಮಿಷ," ಎಂದು ನಂಜುಂಡಯ್ಯ ಚಪ್ಪಲಿ ಮೆಟ್ಟಿದ.

ಗೇಟಿನಲ್ಲೇ ಪಕ್ಕದ ಮನೆ ಯೋಗೇಂದ್ರ ಸಿಕ್ಕಿದ. ಹೊಸದಾಗಿ ಕಾರು ಕೊಂಡವನು, ಕೈಯಲ್ಲಿ ಯಾವಾಗಲೂ ಅದರ ಬೀಗದ ಕೈ ಆಡಿಸುತ್ತಿದ್ದ.

"ನಂಜುಂಡಣ್ಣ, ಒಂದೇ ಒಂದು ಕೂಗು. ನಮ್ಮಮ್ಮ ಆರು ಗಂಟೆಯಿಂದ ತಾರಸಿ ಮೇಲೆ ನಿಂತವ್ರೆ. ಬಿಪಿ ಮಾತ್ರೆ ಬೇರೆ ತಗೊಂಡಿಲ್ಲ."

ಬಿಪಿ ಅಂದ ಮೇಲೆ ಇಲ್ಲ ಅನ್ನುವುದು ಹೇಗೆ? ನಂಜುಂಡಯ್ಯ ಹೋದ, ಕರೆದ, ಕಾಗೆ ಬಂತು. ಆದರೆ ತಾರಸಿ ಎಂಬುದು ಒಂದಕ್ಕೊಂದು ಕಾಣುವ ಜಾಗ. ಅಲ್ಲಿಂದ ಕೈ ಬೀಸಿದರು, ಇಲ್ಲಿಂದ ಕೂಗಿದರು. ಎದುರುಮನೆಯ ನಿವೃತ್ತ ಮೇಷ್ಟ್ರು ರುದ್ರಸ್ವಾಮಿ, ಕೈಯಲ್ಲಿ ಕಾಗದ ಪೆನ್ನು ಹಿಡಿದು ಬೀದಿಯಲ್ಲಿ ನಿಂತು, ಯಾರ ಮನೆ ಆದ ಮೇಲೆ ಯಾರ ಮನೆ ಎಂದು ಸರದಿ ಬರೆಯತೊಡಗಿದರು. ಅವರನ್ನು ಯಾರೂ ಕೇಳಿರಲಿಲ್ಲ. ಬೀದಿಯಲ್ಲಿ ಏನೇ ನಡೆದರೂ ಅದಕ್ಕೊಂದು ಹಾಜರಿ ಪುಸ್ತಕ ಬೇಕು ಎಂಬುದು ಅವರ ನಂಬಿಕೆ.

"ಮೇಷ್ಟ್ರೇ, ನಾನು ಎಲೆ ತರ್ಬೇಕು," ಅಂದ ನಂಜುಂಡಯ್ಯ.

"ತರುವಿರಂತೆ. ಈಗ ಐದನೇ ಮನೆ. ಅವರ ತಾತ ಬಹಳ ಮುಂಗೋಪಿ, ಕಾಯಿಸಬೇಡಿ."

ಹನ್ನೊಂದನೇ ತಾರಸಿ ಇಳಿಯುವಾಗ ಮಧ್ಯಾಹ್ನ ಒಂದು ಗಂಟೆ. ನಂಜುಂಡಯ್ಯನ ಗಂಟಲು ಬೆಲ್ಟು ಜಾರಿದ ಗಿರಣಿಯ ಹಾಗೆ ಕಿರುಗುಟ್ಟುತ್ತಿತ್ತು. ಎಲೆ ಅಡಿಕೆಯಿಂದ ಜೇಬು ಉಬ್ಬಿತ್ತು, ಆದರೆ ಬಾಳೆ ಎಲೆ ಇರಲಿಲ್ಲ.

ಅವನು ಹೆದರಿಕೊಂಡೇ ಮನೆಗೆ ಬಂದ. ಕಮಲ ಹಿಂದಿನ ಬೀದಿಯಲ್ಲಿ ಯಾರ ಹಿತ್ತಲಿನಿಂದಲೋ ಎಲೆ ಕುಯ್ದು ತಂದು, ಎಡೆ ಬಡಿಸಿ ಇಟ್ಟಿದ್ದಳು. ರಾಗಿ ಮುದ್ದೆ, ನಾಟಿಕೋಳಿ ಸಾರು, ವಡೆ, ಪಾಯಸ, ಪಕ್ಕದಲ್ಲಿ ಒಂದು ಕಟ್ಟು ಬೀಡಿ. ಅವಳು ಒಂದು ಮಾತೂ ಆಡಲಿಲ್ಲ. ಬೈದಿದ್ದರೆ ನಂಜುಂಡಯ್ಯನಿಗೆ ಸಮಾಧಾನವಾಗುತ್ತಿತ್ತು. ಇಪ್ಪತ್ತೆಂಟು ವರ್ಷದ ಸಂಸಾರದಲ್ಲಿ ಅವನು ಹೆದರುತ್ತಿದ್ದದ್ದು ಅವಳ ಮೌನಕ್ಕೊಂದಕ್ಕೇ.

ಅಕ್ಕ ತಿಮ್ಮಮ್ಮ ಒಂಟಿಕೊಪ್ಪಲಿನಿಂದ ಆಟೋದಲ್ಲಿ ಬಂದು ಆಗಲೇ ತಾರಸಿಯ ಮೇಲೆ ಕುರ್ಚಿ ಹಾಕಿಸಿಕೊಂಡಿದ್ದಳು. ಎಪ್ಪತ್ತರ ಹತ್ತಿರದ ವಯಸ್ಸು, ಸಕ್ಕರೆ ಕಾಯಿಲೆ, ಹಸಿವು ತಡೆಯದು.

"ಬಂದ್ಯಾ ಸಾಹುಕಾರ? ಊರೋರ ಅಪ್ಪಂದಿರ್ಗೆಲ್ಲ ಉಣ್ಣಿಸ್ಬುಟ್ಟು ಬಂದ್ಯಾ? ಬೇಗ ಕರಿ ಕಣಪ್ಪ, ಕಣ್ಣು ಕತ್ತಲೆ ಬತ್ತೈತೆ."

ನಂಜುಂಡಯ್ಯ ಎಡೆಯನ್ನು ತಾರಸಿಯ ಕಟ್ಟೆಯ ಮೇಲಿಟ್ಟ. ಎಡಗೈ ಬಾಯಿಗೆ ಹಿಡಿದು ಮೂರು ಸಲ ಕರೆದ. ಪಕ್ಕದಲ್ಲಿ ಯೋಗೇಂದ್ರನ ನೀರಿನ ಟ್ಯಾಂಕಿನ ಮೇಲೆ ಆರೇಳು ಕಾಗೆಗಳು ಕೂತಿದ್ದವು. ಒಂದು ಮಾತ್ರ ಇತ್ತ ತಿರುಗಿ ನೋಡಿತು. ಬ್ಯಾಂಕಿನಲ್ಲಿ ಕೌಂಟರಿನ ಗುಮಾಸ್ತ ನೋಡುವ ಹಾಗೆ ನೋಡಿ, ಮತ್ತೆ ರೆಕ್ಕೆ ಕೆದಕತೊಡಗಿತು.

ಮತ್ತೆ ಕರೆದ. ಇನ್ನೊಮ್ಮೆ ಮೆಣಸು ಅಗಿದು ಕರೆದ. ಏನೂ ಇಲ್ಲ. ಹನ್ನೊಂದು ವರ್ಷದಲ್ಲಿ ಇದು ಮೊದಲು.

ಬೀದಿಯಲ್ಲಿ ಸುದ್ದಿ ಹರಡಲು ಕಾಲು ಗಂಟೆ ಬೇಕಾಗಲಿಲ್ಲ. ಕಾಗೆ ಕರೆಯುವವನ ಮನೆಗೇ ಕಾಗೆ ಬರುತ್ತಿಲ್ಲ ಅಂದರೆ ಅದು ನೋಡದೇ ಬಿಡುವಂಥದ್ದಲ್ಲ. ಉಂಡು, ಕೈ ತೊಳೆದು, ಬಾಯಲ್ಲಿ ಅಡಿಕೆ ಹಾಕಿಕೊಂಡು ರುದ್ರಸ್ವಾಮಿ ಮೇಷ್ಟ್ರು ಮೆಟ್ಟಿಲು ಹತ್ತಿದರು. ಹಿಂದೆಯೇ ಯೋಗೇಂದ್ರ, ಬೀಗದ ಕೈ ಆಡಿಸುತ್ತಾ.

"ಹನ್ನೊಂದು ಮನೆ ಉಂಡಿವೆ. ಹೊಟ್ಟೆ ತುಂಬಿರಬೇಕು ಕಾಗೆಗಳಿಗೆ," ಅಂದ ಯೋಗೇಂದ್ರ.

"ಹೊಟ್ಟೆ ತುಂಬಿದ ಕಾಗೇನ ಎಲ್ಲಾದ್ರೂ ಕಂಡಿದ್ದೀಯೇನಪ್ಪ ನೀನು?" ಅಂದಳು ತಿಮ್ಮಮ್ಮ. "ಇದು ಅಪ್ಪಯ್ಯನ ಮುನಿಸು. ಏನೋ ಆಸೆ ಉಳ್ಕೊಂಡದೆ."

ಮೇಷ್ಟ್ರು ಗಂಟಲು ಸರಿಮಾಡಿಕೊಂಡರು. "ಹೇಳಬಾರದು ಅಂತ ಇದ್ದೆ. ನಿಮ್ಮ ತಂದೆಯವರು ಹೋಗೋಕೆ ಒಂದು ವಾರ ಮುಂಚೆ ನನ್ನ ಹತ್ತಿರ ಅಂದಿದ್ದರು, 'ಮೇಷ್ಟ್ರೇ, ಈ ನುಗ್ಗೆಮರದ ಎಲೆ ಎಲ್ಲ ನಿಮ್ಮ ಅಂಗಳಕ್ಕೆ ಬೀಳ್ತದೆ, ನನಗೆ ನೋಡೋಕಾಗಲ್ಲ' ಅಂತ."

"ಅಪ್ಪ ಅಂದಿದ್ರಾ?"

"ಕಣ್ಣಲ್ಲಿ ನೀರಿತ್ತು ಕಣ್ರೀ."

ಆ ಮರವನ್ನು ನೆಟ್ಟವನು ಹುಚ್ಚಯ್ಯ. ನಂಜುಂಡಯ್ಯನಿಗೆ ಆರು ವರ್ಷ ಆಗ, ಕೊಂಬೆಯನ್ನು ನೆಲಕ್ಕೆ ಚುಚ್ಚಿ, "ನಿನಗಿಂತ ಬೇಗ ಬೆಳೀತದೆ ನೋಡು" ಅಂದಿದ್ದ. ಹಾಗೇ ಆಯಿತು. ಅದರ ಕಾಯಿಯ ಸಾರು ತಿಂದು ಇಡೀ ಬೀದಿ ದೊಡ್ಡದಾಗಿತ್ತು, ಮೇಷ್ಟ್ರೂ ಸೇರಿ. ಆದರೆ ಮುಂದೆ ಎಡೆ ಆರುತ್ತಿತ್ತು. ನಂಜುಂಡಯ್ಯ ಕೈ ಮುಗಿದ.

"ಆಯ್ತಪ್ಪ. ಮರ ಕಡಿಸ್ತೀನಿ. ಬಂದು ಮುಟ್ಟು."

ಒಂದು ಕಾಗೆ ಟ್ಯಾಂಕಿನಿಂದ ಹಾರಿ ಕರೆಂಟು ತಂತಿಯ ಮೇಲೆ ಕೂತಿತು. ಎಲ್ಲರೂ ಕತ್ತೆತ್ತಿದರು. ಅದು ಅಲ್ಲೇ ಕೂತಿತು.

"ನೋಡಿದ್ರಾ? ಅರ್ಧ ದಾರಿ ಬಂತು," ಅಂದ ಯೋಗೇಂದ್ರ. ಅವನ ದನಿಯಲ್ಲಿ ಹೊಸ ಹುರುಪು ಬಂದಿತ್ತು. "ಅಂದ್ರೆ ಇನ್ನೂ ಒಂದು ಆಸೆ ಇದೆ. ಅಣ್ಣ, ತಪ್ಪು ತಿಳೀಬೇಡಿ. ಆ ಕಲ್ಲು ಜಗಲಿ ಇದೆಯಲ್ಲ, ಅದು ರಸ್ತೆಗೆ ಎರಡಡಿ ಚಾಚಿದೆ. ಅಜ್ಜ ಅದರ ಮೇಲೆ ಕೂತು ನಂಗೆ ಎಷ್ಟೋ ಸಲ ಹೇಳವ್ರೆ, 'ಯೋಗಿ, ನೀನು ಮುಂದೆ ಕಾರು ತಗೊಂಡ್ರೆ ತಿರುಗಿಸೋಕೆ ಕಷ್ಟ ಆಯ್ತದೆ, ಆಗ ಇದ್ನ ತೆಗೆಸ್ಬುಡು' ಅಂತ."

"ಆಗ ನೀನು ಒಂಬತ್ತನೇ ಕ್ಲಾಸು," ಅಂದ ನಂಜುಂಡಯ್ಯ.

"ಅಜ್ಜಂಗೆ ದೂರದೃಷ್ಟಿ ಇತ್ತು."

ಆ ಜಗಲಿಯ ಮೇಲೆ ಕೂತೇ ಅಪ್ಪ ಅವನಿಗೆ ಕರೆಯುವುದನ್ನು ಕಲಿಸಿದ್ದು. ಗಂಟಲಿನಿಂದ ಕರೆಯಬೇಡ, ಹಸಿದವನನ್ನು ಕರೆಯುವ ಹಾಗೆ ಹೊಟ್ಟೆಯಿಂದ ಕರೆ ಅಂದಿದ್ದ. ಬೇಸಿಗೆಯ ಸಂಜೆ ಆ ಕಲ್ಲು ಬೆಚ್ಚಗಿರುತ್ತಿತ್ತು. ಬೀದಿಯ ಗಂಡಸರೆಲ್ಲ ಅಲ್ಲೇ ಸೇರಿ, ಒಂದೇ ಪತ್ರಿಕೆಯನ್ನು ಹಾಳೆ ಹಾಳೆ ಹಂಚಿಕೊಂಡು ಓದುತ್ತಿದ್ದರು. ಕಡೆಯ ದಿನ ಅಪ್ಪ ಕೂತಿದ್ದೂ ಅಲ್ಲೇ. ಅಪ್ಪನಿಗೆ ಆ ಕಲ್ಲೇ ಬೇಡವಾಗಿದೆಯೋ ಏನೋ.

"ಜಗಲಿ ತೆಗೆಸ್ತೀನಪ್ಪ," ಅಂದ.

ಕಾಗೆ ತಂತಿಯಿಂದ ಇಳಿದು ಕಟ್ಟೆಯ ಆ ತುದಿಗೆ ಬಂತು. ಎಡೆಯಿಂದ ಆರಡಿ ದೂರ. ತಲೆ ಓರೆ ಮಾಡಿ ಕೋಳಿ ಸಾರನ್ನು ನೋಡಿತು, ಬೀಡಿ ಕಟ್ಟನ್ನು ನೋಡಿತು, ನಿಂತಲ್ಲೇ ನಿಂತಿತು.

ಈಗ ತಿಮ್ಮಮ್ಮ ಸೆರಗಿನಲ್ಲಿ ಕಣ್ಣೊರೆಸಿಕೊಂಡಳು.

"ನಾನಾಗಿ ಬಾಯಿ ಬುಟ್ಟು ಕೇಳ್ದೋಳಲ್ಲ. ಆದ್ರೆ ಅಪ್ಪಯ್ಯಂಗೆ ಗೊತ್ತು. ಆ ತಾಮ್ರದ ಹಂಡೆ ನಂಗೇ ಕೊಡ್ತೀನಿ ಅಂದಿತ್ತು, ನನ್ ಮದ್ವೇಲಿ. ಆಮ್ಯಾಕೆ ಅವ್ವ ಅಡ್ಡ ಬಂತು. ಐವತ್ತು ವರ್ಸ ಆಯ್ತು, ಆ ಜೀವಕ್ಕೆ ಅದೇ ಕೊರಗು."

"ಅಕ್ಕ, ನೀವು ಒಂಟಿಕೊಪ್ಪಲಲ್ಲಿ ಗೀಸರ್ ಹಾಕ್ಸಿದ್ದೀರಿ. ಹಂಡೆ ಏನು ಮಾಡ್ತೀರಿ?" ಅಂದ ನಂಜುಂಡಯ್ಯ.

"ನೋಡ್ಕೋತೀನಿ ಕಣೋ. ಹೆಣ್ಣುಮಗಳು ತೌರಿನ ಸಾಮಾನು ನೋಡ್ಕೊಂಡೂ ಇರಬಾರ್ದಾ?"

ಮೇಷ್ಟ್ರು, ಯೋಗೇಂದ್ರ ಇಬ್ಬರೂ ತಲೆದೂಗಿದರು. ಬೇರೆಯವರ ಹಂಡೆಯ ವಿಷಯದಲ್ಲಿ ಅವರಿಗೆ ತಕರಾರು ಇರಲಿಲ್ಲ. ದೀಪಾವಳಿಯ ಮುಂಜಾನೆ ಆ ಹಂಡೆಗೆ ಅವ್ವ ಸುಣ್ಣ ಕೆಮ್ಮಣ್ಣಿನ ಪಟ್ಟೆ ಬಳಿದು, ಕೊರಳಿಗೆ ಹಾಗಲ ಬಳ್ಳಿ ಸುತ್ತುತ್ತಿದ್ದಳು. ಅಕ್ಕ ತಮ್ಮ ಇಬ್ಬರೂ ಹೊಗೆಯಲ್ಲಿ ಕಣ್ಣುಜ್ಜಿಕೊಂಡು, ಮೊದಲ ಚೊಂಬು ಯಾರಿಗೆ ಎಂದು ಜಗಳವಾಡುತ್ತಿದ್ದರು. ಅಂದಿನಿಂದ ಇಂದಿನವರೆಗೆ ನಡೆದಿದ್ದ ಆ ಜಗಳದಲ್ಲಿ ನಂಜುಂಡಯ್ಯ ಈಗ ಸೋತ.

"ಹಂಡೆ ಅಕ್ಕಂದೇ ಅಪ್ಪ. ಇನ್ನಾದ್ರೂ ಬಾ."

ಕಾಗೆ ಬರಲಿಲ್ಲ. ಒಂದು ಹೆಜ್ಜೆ ಹಿಂದಕ್ಕೇ ಹೋಯಿತು.

ಇನ್ನು ಕೊಡುವುದಕ್ಕೆ ನಂಜುಂಡಯ್ಯನ ಹತ್ತಿರ ಅಪ್ಪನದ್ದು ಅನ್ನುವ ಏನೂ ಉಳಿದಿರಲಿಲ್ಲ. ಅವನು ಕಟ್ಟೆಯ ಹತ್ತಿರ ಹೋಗಿ, ಯಾರಿಗೂ ಕೇಳಿಸದ ಹಾಗೆ ಹೇಳಬೇಕೆಂದುಕೊಂಡು, ಎಲ್ಲರಿಗೂ ಕೇಳಿಸುವ ಹಾಗೆಯೇ ಹೇಳಿದ. ಒಡೆದ ಗಂಟಲಿಗೆ ಗುಟ್ಟು ಎಲ್ಲಿಂದ ಬರಬೇಕು?

"ಅಪ್ಪಾ, ಆವತ್ತು ನೀನು ಕರೆದೆ. ನಾನು ಒಂದು ಡಬ್ಬಿ ರಾಗಿ ಅಂದೆ. ಗಿರಣಿ ನಿಲ್ಲಿಸಿ ಬರಬೇಕಿತ್ತು. ಆ ಡಬ್ಬಿ ಯಾರದ್ದು ಅಂತ ಕೂಡ ಈಗ ನೆನಪಿಲ್ಲ ಕಣಪ್ಪ."

ಯೋಗೇಂದ್ರ ಬೀಗದ ಕೈ ಆಡಿಸುವುದನ್ನು ನಿಲ್ಲಿಸಿದ. ಮೇಷ್ಟ್ರು ಆಕಾಶದ ಕಡೆ ನೋಡಿದರು. ತಿಮ್ಮಮ್ಮ, "ಬುಡು ಮಗ, ಬುಡು" ಅಂದಳು, ಈ ಸಲ ಕಣ್ಣಲ್ಲಿ ನಿಜವಾದ ನೀರೇ ಇತ್ತು. ಕಾಗೆ ಮಾತ್ರ ಅಲ್ಲೇ, ಆರಡಿ ದೂರದಲ್ಲೇ, ಕಲ್ಲಿನ ಹಾಗೆ ಕೂತಿತ್ತು.

ಆಗ ಮೆಟ್ಟಿಲಿನ ಬಾಗಿಲಲ್ಲಿ ನಿಂತಿದ್ದ ಕಮಲ ಮುಂದೆ ಬಂದಳು. ಅವಳು ಎಷ್ಟು ಹೊತ್ತಿನಿಂದ ಅಲ್ಲಿ ನಿಂತಿದ್ದಳೋ ಯಾರೂ ಗಮನಿಸಿರಲಿಲ್ಲ. ಸೆರಗಿಗೆ ಕೈ ಒರೆಸಿಕೊಂಡು ಕೇಳಿದಳು.

"ಅತ್ತಿಗೆ, ಹಂಡೆ ಇವತ್ತೇ ತಗೊಂಡೋಗ್ತೀರಾ?"

"ಆಟೋದಲ್ಲೇ ಇಟ್ಕೊಂಡೋಯ್ತೀನಿ."

"ಮೇಷ್ಟ್ರೇ, ಮರ ಕಡಿಯೋರು?"

"ನಾಳೆಯೇ ಕರೆಸ್ತೀನಮ್ಮ. ಖರ್ಚು ನಂದು."

ಅವಳು ಕೇಳುವ ಮೊದಲೇ ಯೋಗೇಂದ್ರ, "ಜಗಲಿಗೆ ಮೇಸ್ತ್ರಿಗೆ ಹೇಳ್ಬುಟ್ಟೆ ಅಕ್ಕ" ಎಂದು ಫೋನು ತೋರಿಸಿದ.

ಕಮಲ ಎಡೆಯ ಕಡೆ ತಿರುಗಿದಳು. ಕೈಯನ್ನು ಬಾಯಿಗೆ ಹಿಡಿಯಲಿಲ್ಲ. ದನಿ ಎತ್ತರಿಸಲೂ ಇಲ್ಲ. ದಿನಾ ನಡುಮನೆಯಿಂದ ಕರೆಯುವ ದನಿಯಲ್ಲಿ ಅಂದಳು:

"ಮಾವ, ಮುದ್ದೆ ಆರೋಯ್ತದೆ. ಊಟಕ್ಕೆ ಬನ್ನಿ."

ಕಾಗೆ ಕಟ್ಟೆಯ ಮೇಲೆ ಆತುರಾತುರವಾಗಿ ನಡೆದುಕೊಂಡು ಬಂದು, ಮೊದಲು ಮುದ್ದೆಗೇ ಕೊಕ್ಕು ಹಾಕಿತು. ಆಮೇಲೆ ಸಾರು. ಆಮೇಲೆ ವಡೆ. ಪಾಯಸ ಮುಟ್ಟಲಿಲ್ಲ. ಹುಚ್ಚಯ್ಯ ಯಾವತ್ತೂ ಪಾಯಸ ಮುಟ್ಟಿದವನಲ್ಲ. ಕಡೆಯಲ್ಲಿ ಬೀಡಿ ಕಟ್ಟಿನಿಂದ ಒಂದೇ ಒಂದನ್ನು ಎಳೆದುಕೊಂಡು ನುಗ್ಗೆಮರದ ಕಡೆ ಹಾರಿಹೋಯಿತು.

"ಮರದ ಮಾತು ಕೊಟ್ಟದ್ದೇ ಕೆಲಸ ಮಾಡಿತು," ಎಂದು ಮೇಷ್ಟ್ರು ಮೆಟ್ಟಿಲು ಇಳಿಯುತ್ತಾ ಹೇಳಿದರು. "ಜಗಲಿ," ಅಂದ ಯೋಗೇಂದ್ರ. ಇಬ್ಬರೂ ಬೀದಿಯವರೆಗೂ ವಾದ ಮಾಡಿಕೊಂಡು ಹೋದರು. ತಿಮ್ಮಮ್ಮ ವಾದಕ್ಕೆ ಇಳಿಯಲಿಲ್ಲ. ಎರಡು ಮುದ್ದೆ ಉಂಡು, ಹಂಡೆಯನ್ನು ಆಟೋದಲ್ಲಿ ತೊಡೆಯ ಪಕ್ಕ ಕೂರಿಸಿಕೊಂಡು, ಅದರ ಕೊರಳಿಗೆ ಕೈ ಹಾಕಿ ಹೊರಟಳು.

ನಂಜುಂಡಯ್ಯ ಅಡುಗೆಮನೆಯಲ್ಲಿ ಊಟಕ್ಕೆ ಕೂತ. ಅರ್ಧ ಮುದ್ದೆ ಉಂಡ. ಆಮೇಲೆ ಒಡೆದ ಗಂಟಲಲ್ಲಿ ಕೇಳಿದ.

"ನೀನು ಕರೆದ ತಕ್ಷಣ ಹೆಂಗೆ ಬಂತು?"

"ಮಾವ ಬದುಕಿದ್ದಾಗ ನೀವು ಕರೆದ್ರೆ ಯಾವತ್ತಾದ್ರೂ ಊಟಕ್ಕೆ ಬಂದಿದ್ರಾ?" ಅಂದಳು ಕಮಲ, ಸಾರು ಬಿಡುತ್ತಾ. "ಜಗಲಿ ಮೇಲೆ ಕೂತ್ರೆ ಕೂತ್ರು. ನಾನು ಹೋಗಿ, ಮಾವ, ಮುದ್ದೆ ಆರೋಯ್ತದೆ ಅಂದ್ಮೇಲೇ ಏಳ್ತಿದ್ದದ್ದು. ಪ್ರತಿ ವರ್ಷ ನೀವು ಮೇಲೆ ನಿಂತು ಕೂಗ್ತಿರ್ತೀರ, ನಾನು ಇಲ್ಲಿ ಒಲೆ ಮುಂದೆ ಒಂದು ಸಲ ಕರೀತೀನಿ. ಕಾಗೆ ಬತ್ತದೆ. ನಿಮ್ಮ ಕೂಗಿಗೆ ಬಂತು ಅಂತ ನೀವು ಖುಷಿಯಾಗಿರ್ತೀರ. ಇರ್ಲಿ ಅಂತ ನಾನೂ ಸುಮ್ನಿರ್ತೀನಿ."

"ಊರವರ ಮನೇಲಿ ಬಂದದ್ದು?"

"ಅದು ನಿಮ್ಮದೇ. ಕಾಗೆಗಳು ನಿಮ್ಮ ಮಾತು ಕೇಳ್ತವೆ. ನಿಮ್ಮಪ್ಪ ಕೇಳಲ್ಲ."

ನಂಜುಂಡಯ್ಯ ಕೈ ತಡೆದ. "ಹಂಗಾದ್ರೆ ಈ ಸಲ ಯಾಕೆ ಕರೀಲಿಲ್ಲ?"

"ಏಳು ಗಂಟೆಗೆ ಎಲೆ ಕೇಳಿದ್ದೆ. ಸಿಟ್ಟು ಬಂದಿತ್ತು, ನೀವೇ ಕರ್ಕೊಳ್ಳಿ ಅಂತ ಬಿಟ್ಟೆ. ಆಮೇಲೆ ಪಾಪ ಅನ್ನಿಸ್ತು. ಕರೆಯೋಣ ಅಂತ್ಲೇ ಮೆಟ್ಟಿಲು ಹತ್ತಿದೆ." ಕಮಲ ಸೌಟನ್ನು ಪಾತ್ರೆಗೆ ಒರಗಿಸಿದಳು. "ಅಷ್ಟರಲ್ಲಿ ಮೇಷ್ಟ್ರು ಮರದ ಮಾತು ಎತ್ತಿದ್ರು. ವರ್ಷಾ ವರ್ಷಾ ಆ ಮರದ ಕಂಬಳಿಹುಳ ಗುಡಿಸಿ ಗುಡಿಸಿ ನನ್ನ ಕೈಯೆಲ್ಲ ದದ್ದು. ಒಂದೈದು ನಿಮಿಷ ನೋಡೋಣ ಅಂತ ನಿಂತೆ. ಆಮೇಲೆ ಜಗಲಿ ಬಂತು. ಅಲ್ಲಿ ಕೂತೋರಿಗೆಲ್ಲ ಕಾಫಿ ಕೊಟ್ಟದ್ದು ಯಾರು? ಆಮೇಲೆ ಹಂಡೆ. ನಿಮಗೆ ಅದರಲ್ಲಿ ನಿಮ್ಮವ್ವ ಕಾಣ್ತಾರೆ. ನನಗೆ ಅದರ ಮಸಿ ಕಾಣ್ತದೆ, ತಿಕ್ಕೋಳು ನಾನಲ್ವಾ."

ನಂಜುಂಡಯ್ಯ ಮುದ್ದೆ ಮುರಿದು ಸಾರಿಗೆ ಅದ್ದಿದ. ಬಾಯಿಗೆ ಇಡಲಿಲ್ಲ. ಕೇಳಿದ.

"ಕಮಲ, ಅಪ್ಪಂಗೆ ನನ್ನ ಮೇಲೆ ಸಿಟ್ಟಿದೆಯಾ?"

"ಅದು ನಂಗೆ ಗೊತ್ತಿಲ್ಲ. ಅವರ ಸಿಟ್ಟು ಯಾವತ್ತೂ ಊಟದ ಮೇಲೆ ಕಾಣ್ತಿರಲಿಲ್ಲ." ಅವಳ ದನಿ ಸ್ವಲ್ಪ ಮೆತ್ತಗಾಯಿತು. "ಆವತ್ತು ಗಿರಣಿ ಸದ್ದಲ್ಲಿ ನಿಮಗೆ ಅರ್ಧ ಕೇಳಿಸಿತ್ತು. ಅವರು ಕರೆದದ್ದು ಬೀಡಿಗೆ. ನಿಮ್ಮನ್ನ ಕರೆದ್ಮೇಲೆ ನನ್ನನ್ನೂ ಕರೆದ್ರು. ನಾನು ಹೋಗಿ ಕೊಟ್ಟು ಬಂದಿದ್ದೆ. ನೀವು ಕೇಳಿದ್ರೆ ಹೇಳ್ತಿದ್ದೆ, ಹನ್ನೊಂದು ವರ್ಷದಲ್ಲಿ ಒಂದ್ಸಲ ಕೇಳ್ಬೇಕಿತ್ತು. ಉಣ್ಣಿ, ಆರೋಯ್ತದೆ."

ನಂಜುಂಡಯ್ಯ ಉಂಡ.

ಸೋಮವಾರ ಮರ ಹೋಯಿತು. ಮಂಗಳವಾರ ಜಗಲಿ ಹೋಯಿತು. ಹಂಡೆ ಒಂಟಿಕೊಪ್ಪಲಿನ ವರಾಂಡದಲ್ಲಿ ಮಣ್ಣು ತುಂಬಿಸಿಕೊಂಡು ಕ್ರೋಟನ್ ಗಿಡ ಹೊತ್ತು ನಿಂತಿದೆ. ಅಪ್ಪ ತನ್ನ ಕೂಗಿಗೆ ಬರುತ್ತಾನೆ ಎಂಬ ನಂಬಿಕೆ ಭಾನುವಾರವೇ ಹೋಗಿತ್ತು. ನಂಜುಂಡಯ್ಯನಿಗೆ ಉಳಿದದ್ದು ಒಂದೇ: ಕಡೆಯ ಗಳಿಗೆಯಲ್ಲಿ ಅಪ್ಪನ ಕೈಗೆ ಬೀಡಿ ಸಿಕ್ಕಿತ್ತು ಎಂಬುದು ಈಗ ಅವನಿಗೆ ಗೊತ್ತು.